ಹಾಲು ಡೇರಿಗೆ, ಹಸು ಕೊಟ್ಟಿಗೆಯಲ್ಲೇ: ಮಂಡ್ಯದ ಐದು ಆಲೆಮನೆಗಳ ಪ್ರಕರಣ

ಇದು ಮಂಡ್ಯ ಜಿಲ್ಲೆಯ ಒಂದು ನಾಲೆ ಬಯಲಿನ ಊರಿನಲ್ಲಿ ನಡೆದದ್ದು. ಅಲ್ಲಿನ ಐದು ಆಲೆಮನೆಯವರು ಸೇರಿ ಕಟ್ಟಿದ ಗುಂಪಿಗೆ ನಾನು ಎರಡೂವರೆ ವರ್ಷ ಲೆಕ್ಕ ಬರೆದೆ. ಊರಿನ ಹೆಸರು, ಜನರ ಹೆಸರು ಬಿಟ್ಟಿದ್ದೇನೆ. ಯಾರ ಗುರುತೂ ಸಿಗಬಾರದು ಅಂತ ಅಂಕಿಗಳನ್ನು ಅಲ್ಲಲ್ಲಿ ದುಂಡು ಮಾಡಿದ್ದೇನೆ. ಕೂಡಿ ಕಳೆದರೆ ಲೆಕ್ಕ ಮಾತ್ರ ಸರಿಯಾಗೇ ಬರುತ್ತದೆ.

ಹಿನ್ನೆಲೆ

ಊರಿನಲ್ಲಿ ಐದು ಆಲೆಮನೆಗಳಿದ್ದವು. ಒಂದೊಂದೂ ದಿನಕ್ಕೆ ಮೂರರಿಂದ ನಾಲ್ಕು ಟನ್ ಕಬ್ಬು ಅರೆಯುವಷ್ಟು ಸಣ್ಣವು. ಕಬ್ಬು ಸಿಗಬೇಕು, ಕರೆಂಟು ಇರಬೇಕು, ಆಳು ಇರಬೇಕು. ಹೀಗಾಗಿ ತಿಂಗಳಿಗೆ ಹದಿನೈದು ದಿನ ಓಡಿದರೆ ಹೆಚ್ಚು. ಟನ್ ಕಬ್ಬಿಗೆ ಹೆಚ್ಚುಕಮ್ಮಿ ಒಂದು ಕ್ವಿಂಟಾಲ್ ಬೆಲ್ಲ. ಐದೂ ಸೇರಿದರೆ ತಿಂಗಳಿಗೆ 25 ಟನ್ ಬೆಲ್ಲ ಆಗುತ್ತಿತ್ತು.

ಕಬ್ಬು ಬೆಳೆಯುವವರ ಜಮೀನಂತೂ ಇನ್ನೂ ಚಿಕ್ಕದು. 2015–16ರ ಕೃಷಿ ಗಣತಿಯ ಪ್ರಕಾರ ಕರ್ನಾಟಕದಲ್ಲಿ ಸರಾಸರಿ ಹಿಡುವಳಿ 1.36 ಹೆಕ್ಟೇರ್, ಅಂದರೆ ಮೂರು ಎಕರೆ ಚಿಲ್ಲರೆ. ಈ ಊರಿನಲ್ಲಿ ಮೂರು ಎಕರೆ ಇದ್ದವರು ದೊಡ್ಡ ಕುಳ. ಅಣ್ಣತಮ್ಮಂದಿರ ಭಾಗ ಆಗಿ ಆಗಿ ಮೂವತ್ತು ಗುಂಟೆ, ಇಪ್ಪತ್ತು ಗುಂಟೆಗೆ ಬಂದು ನಿಂತಿತ್ತು.

ಬೆಲ್ಲವೆಲ್ಲ ಮಂಡಿಗೇ ಹೋಗುತ್ತಿತ್ತು. ಐದರಲ್ಲಿ ನಾಲ್ಕು ಆಲೆಮನೆಯವರು ಒಬ್ಬರೇ ದಲ್ಲಾಳಿಯ ಬಳಿ ಮುಂಗಡ ತೆಗೆದುಕೊಂಡಿದ್ದರು. ನಾನು ಲೆಕ್ಕ ಶುರು ಮಾಡಿದ ವರ್ಷ ಮಂಡಿಯಲ್ಲಿ ಕಿಲೋಗೆ 38 ರೂಪಾಯಿ. ಕಮಿಷನ್, ಹಮಾಲಿ, ಸೂಟು (ತೂಕದಲ್ಲಿ ಹಿಡಿಯುವ ಕಡಿತ), ಗಾಡಿ ಬಾಡಿಗೆ ಎಲ್ಲ ಕಳೆದು ಕೈಗೆ ಬರುತ್ತಿದ್ದದ್ದು 36.

ತಾಪತ್ರಯ ಶುರುವಾದದ್ದು

ಬೆಂಗಳೂರಿನ ಒಬ್ಬ ಸಿಹಿತಿಂಡಿ ತಯಾರಕರು ಈ ಕಡೆ ಬಂದಿದ್ದರು. ಹೈಡ್ರೋಸ್ (ಬೆಲ್ಲದ ಬಣ್ಣ ಬಿಳುಪಾಗಲು ಹಾಕುವ ರಾಸಾಯನಿಕ) ಹಾಕದ ಅಚ್ಚು ಬೆಲ್ಲ ಬೇಕು, ಅಂಗಡಿಗೆ ತಲುಪಿಸಿದರೆ ಕಿಲೋಗೆ 43 ಕೊಡುತ್ತೇನೆ ಅಂದರು. ಆದರೆ ಹದಿನೈದು ದಿನಕ್ಕೊಂದು ಲೋಡು, 10 ಟನ್, ಎಲ್ಲವೂ ಒಂದೇ ಬಣ್ಣ ಇರಬೇಕು, ಲೋಡಿಗೊಂದು ಲ್ಯಾಬ್ ವರದಿ ಬೇಕು ಅನ್ನುವುದು ಅವರ ಷರತ್ತು.

ಆಲೆಮನೆಯ ಒಬ್ಬ ಹುಡುಗ, ಡಿಪ್ಲೊಮಾ ಓದಿದವನು, ಒಬ್ಬನೇ ಕಳಿಸಿ ನೋಡಿದ. ಏಸ್ ಅನ್ನುವ ಚಿಕ್ಕ ಸರಕು ಗಾಡಿಯಲ್ಲಿ ಒಂದು ಟನ್. ಬಾಡಿಗೆ 4,500, ವರದಿಗೆ 3,000. ಕಿಲೋಗೆ ಏಳೂವರೆ ರೂಪಾಯಿ ದಾರಿಯಲ್ಲೇ ಹೋಯಿತು. ಉಳಿದದ್ದು 35.50, ಅಂದರೆ ಮಂಡಿಗಿಂತ ಎಂಟಾಣೆ ಕಮ್ಮಿ. ಅದೇ 10 ಟನ್ ಲಾರಿಯಾದರೆ ಬಾಡಿಗೆ 12,000, ವರದಿಗೆ ಅದೇ 3,000. ಕಿಲೋಗೆ ಒಂದೂವರೆ ರೂಪಾಯಿ ಅಷ್ಟೇ. ಅದೇ ಬೆಲ್ಲ, ಅದೇ ರಸ್ತೆ, ಅದೇ ಬೆಲೆ. ಗಾಡಿ ದೊಡ್ಡದಾದದ್ದಕ್ಕೆ ಕಿಲೋಗೆ ಆರು ರೂಪಾಯಿ ಉಳಿತಾಯ.

ಅರ್ಥಶಾಸ್ತ್ರದ ಪುಸ್ತಕಗಳಲ್ಲಿ ಇದಕ್ಕೆ ದೊಡ್ಡ ಹೆಸರಿದೆ. ಊರಲ್ಲಿ "ಸಗಟಾಗಿ ಮಾಡಿದ್ರೆ ಗಿಟ್ಟುತ್ತೆ" ಅಂತಾರೆ. ಐದೂ ಮನೆಯವರು ಸೇರಿ, ಸುತ್ತಲಿನ ಕಬ್ಬು ಬೆಳೆಗಾರರನ್ನೂ ಸೇರಿಸಿಕೊಂಡು, ಬೆಳೆದವರೇ ಷೇರುದಾರರಾಗಿರುವ ಉತ್ಪಾದಕರ ಕಂಪನಿ ಕಟ್ಟಿದರು. ಇಂಥ ಕಂಪನಿಗೆ ಕಾನೂನಿನಲ್ಲಿ ಜಾಗ ಸಿಕ್ಕಿದ್ದು 2002ರಲ್ಲಿ. 2020ರಲ್ಲಿ ಕೇಂದ್ರ ಸರ್ಕಾರ 10,000 ರೈತ ಉತ್ಪಾದಕ ಸಂಸ್ಥೆ ಕಟ್ಟುವ ಯೋಜನೆ ತಂದ ಮೇಲೆ ಹಳ್ಳಿ ಹಳ್ಳಿಯಲ್ಲೂ ಇದರ ಮಾತು. ಕಾಗದದ ಕೆಲಸ ಹೇಗೋ ಮುಗಿಯಿತು. ಅದರ ಬಗ್ಗೆ ಬರೆಯುವಂಥದ್ದು ಏನೂ ಇಲ್ಲ.

ಮೊದಲ ಪ್ರಯತ್ನ: ಒಂದೇ ದೊಡ್ಡ ಆಲೆಮನೆ

ತಪ್ಪು ಆದದ್ದು ಇಲ್ಲಿ. ತಪ್ಪಿನಲ್ಲಿ ನನ್ನ ಪಾಲೂ ಇದೆ, ಯಾಕಂದ್ರೆ ಲೆಕ್ಕದ ಹಾಳೆ ಬರೆದುಕೊಟ್ಟವನು ನಾನೇ.

ಲಾರಿ ದೊಡ್ಡದಾದರೆ ಉಳಿತಾಯ ಅಂತ ಕಣ್ಣಾರೆ ನೋಡಿದ್ದೆವು. ಹಾಗಾದರೆ ಗಾಣವೂ ದೊಡ್ಡದಾಗಲಿ, ಕೊಪ್ಪರಿಗೆಯೂ ದೊಡ್ಡದಾಗಲಿ ಅನ್ನಿಸಿತು. ಐದು ಕಡೆ ಐದು ಗಾಣ, ಐದು ಒಲೆ, ಐದು ತಂಡ ಯಾಕೆ? ದಿನಕ್ಕೆ 30 ಟನ್ ಅರೆಯುವ ಒಂದು ಗಾಣ, ಮೂರು ಕೊಪ್ಪರಿಗೆಯ ಸಾಲು, ಒಂದು ಶೆಡ್ಡು. ದಿನದ ಖರ್ಚು 18,000. ಮೂವತ್ತು ಟನ್ ಅರೆದರೆ ಕಿಲೋ ಬೆಲ್ಲಕ್ಕೆ 6 ರೂಪಾಯಿ. ಹಳೇ ಆಲೆಮನೆಯಲ್ಲಿ 9 ಬೀಳುತ್ತಿತ್ತು. ಹಾಳೆ ನೋಡಿ ಎಲ್ಲರೂ ತಲೆಯಾಡಿಸಿದರು. ಸಾಲ ಆಯಿತು. ನಾಲ್ಕು ಆಲೆಮನೆಗೆ ಬೀಗ ಬಿತ್ತು. ಐದನೆಯವರು ಮಾತ್ರ "ಒಂದ್ ವರ್ಸ ನೋಡಾನ" ಅಂತ ತಮ್ಮದನ್ನು ಮುಚ್ಚಲಿಲ್ಲ.

ಮೂವತ್ತು ಟನ್ ಬರಲೇ ಇಲ್ಲ. ನಮ್ಮವರ ಕಬ್ಬು ದಿನಕ್ಕೆ ಸರಾಸರಿ ಎಂಟರಿಂದ ಹತ್ತು ಟನ್. ಉಳಿದದ್ದು ಪಕ್ಕದ ಊರುಗಳಿಂದ ಬರಬೇಕಿತ್ತು. ಅಲ್ಲೋ ಇಪ್ಪತ್ತು ಗುಂಟೆ, ಇಲ್ಲೋ ಮೂವತ್ತು ಗುಂಟೆ. ಕಟಾವಿನ ತಂಡ ಬೆಳಿಗ್ಗೆ ಒಂದು ಗದ್ದೆ, ಮಧ್ಯಾಹ್ನ ಮೂರು ಕಿಲೋಮೀಟರ್ ಆಚೆ ಇನ್ನೊಂದು ಗದ್ದೆ. ಟ್ರ್ಯಾಕ್ಟರ್ ಒಂದು ಲೋಡು ತುಂಬಲು ಮೂರು ಕಡೆ ನಿಲ್ಲಬೇಕು. ದಿನಕ್ಕೆ ಬಂದದ್ದು ಹನ್ನೆರಡು, ಹದಿಮೂರು ಟನ್. ಖರ್ಚು ಅದೇ 18,000. ಕಿಲೋಗೆ 6 ಆಗಬೇಕಿದ್ದದ್ದು 14ರ ಹತ್ತಿರ ಹೋಯಿತು.

ಸಕ್ಕರೆ ಕಾರ್ಖಾನೆ ನಡೆಯಲ್ವಾ ಅಂತ ಕೇಳಬಹುದು. ಮಂಡ್ಯದಲ್ಲಿ ಮೈಷುಗರ್ 1933ರಿಂದ ಇದೆ. ಆದರೆ ಕಾರ್ಖಾನೆ ಅಂದರೆ ಬರೀ ದೊಡ್ಡ ಗಾಣ ಅಲ್ಲ. ಅದರ ಹಿಂದೆ ಕಬ್ಬಿನ ಪ್ರದೇಶ ಇರುತ್ತದೆ, ಯಾರ ಗದ್ದೆಯಲ್ಲಿ ಯಾವಾಗ ನಾಟಿ ಆಯಿತು ಅಂತ ಬರೆದಿಡುವ ಜನ ಇರುತ್ತಾರೆ, ಸರದಿ ಪ್ರಕಾರ ಕಟಾವಿಗೆ ಚೀಟಿ ಕೊಡುವ ಪದ್ಧತಿ ಇರುತ್ತದೆ. ನಮ್ಮ ಹತ್ತಿರ ಗಾಣ ಇತ್ತು, ಮಿಕ್ಕಿದ್ದು ಯಾವುದೂ ಇರಲಿಲ್ಲ.

ಮತ್ತೆ ಕಬ್ಬು ಕಾಯುವ ಸರಕೂ ಅಲ್ಲ. ಕಡಿದ ಗಳಿಗೆಯಿಂದ ಸಿಹಿ ಇಳಿಯುತ್ತಾ ಹೋಗುತ್ತದೆ. ಹೊತ್ತು ಮೀರಿದ ಕಬ್ಬಿನ ಹಾಲಿನಿಂದ ಬೆಲ್ಲ ಗಟ್ಟಿ ಕಟ್ಟುವುದಿಲ್ಲ, ಮೆತ್ತಗಾಗಿ ಬಣ್ಣ ಕಪ್ಪಾಗುತ್ತದೆ. ದೊಡ್ಡ ಗಾಣಕ್ಕೆ ಸಾಕಾಗುವಷ್ಟು ಬರಲಿ ಅಂತ ಲೋಡುಗಳನ್ನು ನಿಲ್ಲಿಸಿಕೊಳ್ಳುತ್ತಿದ್ದೆವು. ಗಾಣದ ಹೊಟ್ಟೆ ತುಂಬಿಸಲು ಕಬ್ಬನ್ನು ಬಾಡಿಸಿದೆವು.

ಪಾಕದ ಕತೆ ಬೇರೆ. ಪಾಕ ಇಳಿಸುವ ಹಿರಿಯರೊಬ್ಬರಿದ್ದರು, ನಲವತ್ತು ವರ್ಷ ಅದೇ ಕೆಲಸ ಮಾಡಿದವರು. ಕುದಿಯುವ ಪಾಕವನ್ನು ಒಂದು ಹನಿ ತಣ್ಣೀರಿಗೆ ಬಿಟ್ಟು, ಎರಡು ಬೆರಳಲ್ಲಿ ಉಂಡೆ ಮಾಡಿ, ಬಟ್ಟಲ ಅಂಚಿಗೆ ಹೊಡೆಯುತ್ತಿದ್ದರು. 'ಟಣ್' ಅಂದರೆ ಇಳಿಸು. ಆ ಸದ್ದಿಗೂ ಪಾಕ ಸೀಯುವುದಕ್ಕೂ ನಡುವೆ ಒಂದೆರಡು ನಿಮಿಷ ಸಿಕ್ಕರೆ ಪುಣ್ಯ. ಎರಡು ಕೊಪ್ಪರಿಗೆ ಅವರು ನಿಭಾಯಿಸುತ್ತಿದ್ದರು. ಮೂರನೆಯದು ಹದಕ್ಕೆ ಬರುವಾಗ ಅವರು ಒಂದನೆಯದರ ಹತ್ತಿರ ಇರುತ್ತಿದ್ದರು. ಉತ್ತರ ಪ್ರದೇಶದಿಂದ ಬಂದ ಹುಡುಗರು ಕೆಲಸದಲ್ಲಿ ಚುರುಕು, ಆದರೆ ಈ ಊರಿನ ಕಬ್ಬಿನ ಹದ ಅವರ ಕೈಗೆ ಇನ್ನೂ ಹತ್ತಿರಲಿಲ್ಲ. ವಾರಕ್ಕೆ ಒಂದು ಪಾಕ ಸೀಯುತ್ತಿತ್ತು.

ಮೂರನೇ ತಿಂಗಳ ಒಂದು ರಾತ್ರಿ ಮಳೆಯಲ್ಲಿ ಎರಡು ಟ್ರ್ಯಾಕ್ಟರ್ ಕಬ್ಬು ನೆನೆಯುತ್ತಾ ನಿಂತಿತ್ತು. ಕಡಿದು ಎರಡು ದಿನ ಆಗಿತ್ತು. ಕಬ್ಬಿನ ಸಿಪ್ಪೆಯೂ ಒದ್ದೆ, ಒಲೆಗೆ ಉರಿ ಹತ್ತುತ್ತಿಲ್ಲ. ಹಿರಿಯರು ಹಾಲನ್ನು ಮೂಸಿ ನೋಡಿ ಟವೆಲ್ ಹೆಗಲಿಗೆ ಹಾಕಿಕೊಂಡರು. "ಇದು ಅಚ್ಚು ಕಟ್ಟಕಿಲ್ಲ ಸಾ. ನಾನ್ ಕೈ ಇಕ್ಕಕಿಲ್ಲ" ಅಂದು ಮನೆಗೆ ನಡೆದರು.

ಸಭೆ

ಮರುವಾರ ಸಭೆ ಸೇರಿತು. ಕೆಲವರು ಇನ್ನೊಂದು ಟ್ರ್ಯಾಕ್ಟರ್ ತಗೊಳ್ಳೋಣ ಅಂದರು. ಕೆಲವರು ಕಂಪನಿಯನ್ನೇ ಮುಚ್ಚೋಣ ಅಂದರು. ನಾನೂ ಒಂದು ಹೊಸ ಹಾಳೆ ತಂದಿದ್ದೆ, ಅದನ್ನು ತೆಗೆಯುವ ಧೈರ್ಯ ಬರಲಿಲ್ಲ.

ಸದಸ್ಯರಲ್ಲಿ ಒಬ್ಬರು ಅಜ್ಜಿ ಇದ್ದರು. ಇಪ್ಪತ್ತು ಗುಂಟೆ ಕಬ್ಬು, ಎರಡು ಹಸು. ಅವರು ಸಭೆಯಲ್ಲಿ ಮಾತಾಡಿದ್ದು ಅದೇ ಮೊದಲು. "ಅಲ್ಲ ಕನ್ರಪ್ಪ, ದಿನಾ ಹಾಲ ಡೇರಿಗಾಕ್ತೀವಿ. ಅಂಗಂತ ಹಸಾನೂ ತಕೊಂಡೋಗಿ ಡೇರೀಲೇ ಕಟ್ತೀವಾ?"

ಯಾರೋ ನಕ್ಕರು. ಆಮೇಲೆ ಸಭೆ ಸುಮ್ಮನಾಯಿತು.

ಅವರು ಹೇಳಿದ್ದು ನಮ್ಮೆಲ್ಲರ ಕಣ್ಣೆದುರಿಗೇ ಇತ್ತು. ಅದೇ ಊರಿನ ಹಾಲಿನ ಸೊಸೈಟಿಗೆ ಬೆಳಿಗ್ಗೆ ಒಬ್ಬರು ಎರಡು ಲೀಟರ್, ಇನ್ನೊಬ್ಬರು ಐದು ಲೀಟರ್ ತರುತ್ತಾರೆ. ಅದೆಲ್ಲ ಒಟ್ಟಾಗಿ ಗೆಜ್ಜಲಗೆರೆಯ ಡೇರಿಗೆ ಹೋಗುತ್ತದೆ. ಅಲ್ಲಿ ಯಂತ್ರ ದೊಡ್ಡದು, ಟ್ಯಾಂಕರ್ ದೊಡ್ಡದು, ಮಾರಾಟದ ಹೆಸರು ದೊಡ್ಡದು. ಹಸು ಮಾತ್ರ ಮನೆಯ ಕೊಟ್ಟಿಗೆಯಲ್ಲೇ. ಅದಕ್ಕೆ ಹುಲ್ಲು ಹಾಕಿದ್ದಾರೋ ಇಲ್ಲವೋ, ಕೆಚ್ಚಲು ಬಾತಿದೆಯೋ ಅಂತ ನೋಡುವವರು ಮನೆಯವರು. ಕಣ್ಣು, ಕೈ ಬೇಕಾದ ಕೆಲಸ ಚಿಕ್ಕದಾಗೇ ಉಳಿದಿದೆ. ಲಾರಿ, ಯಂತ್ರ, ಕಾಗದ ಬೇಕಾದ ಕೆಲಸ ದೊಡ್ಡದಾಗಿದೆ. ನಾವು ಎರಡನ್ನೂ ಒಂದೇ ಮೂಟೆಗೆ ಕಟ್ಟಿದ್ದೆವು.

ಅವತ್ತೇ ತೀರ್ಮಾನ ಆಯಿತು. ಗಾಣ, ಒಲೆ, ಪಾಕ ಎಲ್ಲ ಹಳೇ ಆಲೆಮನೆಗಳಿಗೆ ವಾಪಸ್. ಅಚ್ಚಿನಿಂದ ಬೆಲ್ಲ ಹೊರಬಂದ ಮೇಲಿನದ್ದು ಕಂಪನಿಯದ್ದು: ತೂಕ, ವಿಂಗಡಣೆ, ಚೀಲ, ಲ್ಯಾಬ್ ವರದಿ, ಪರವಾನಗಿ, ಬಿಲ್ಲು, ಲಾರಿ. ದೊಡ್ಡ ಗಾಣವನ್ನು ಕೊಂಡ ಬೆಲೆಯ ಅರ್ಧಕ್ಕಿಂತ ಸ್ವಲ್ಪ ಜಾಸ್ತಿಗೆ ಮಾರಿದೆವು. ಉಳಿದ ಸಾಲ ಸದಸ್ಯರ ತಲೆ ಮೇಲೆ ಬಿತ್ತು. ನಾಲ್ಕು ಮನೆಯವರು ಬೀಗ ತೆಗೆಯಬೇಕಿತ್ತು, ಮೂವರು ತೆಗೆದರು. ಒಬ್ಬರ ಒಲೆ ಅಷ್ಟರಲ್ಲಿ ಕುಸಿದಿತ್ತು. ಅವರು ತಮ್ಮ ಕಬ್ಬನ್ನು ಪಕ್ಕದವರ ಆಲೆಮನೆಗೇ ಹಾಕಿದರು, ಅಲ್ಲಿ ಓಡುವ ದಿನಗಳು ಹೆಚ್ಚಾದವು.

ಬಣ್ಣದ ಜಗಳ

ಹಾಲಿಗೂ ಬೆಲ್ಲಕ್ಕೂ ಒಂದು ದೊಡ್ಡ ವ್ಯತ್ಯಾಸ ಇದೆ ಅಂತ ಗೊತ್ತಾದದ್ದು ಆಮೇಲೆ. ಸೊಸೈಟಿಯಲ್ಲಿ ಹಾಲು ಸುರಿದ ತಕ್ಷಣ ಯಂತ್ರ ಫ್ಯಾಟು ಎಷ್ಟು ಅಂತ ಹೇಳುತ್ತದೆ. ಯಾರೂ ಯಂತ್ರದ ಜೊತೆ ಜಗಳ ಆಡುವುದಿಲ್ಲ. ಬೆಲ್ಲಕ್ಕೆ ಊರಲ್ಲಿ ಅಂಥ ಯಂತ್ರ ಎಲ್ಲಿದೆ?

ನಾಲ್ಕು ಆಲೆಮನೆ, ನಾಲ್ಕು ಬಣ್ಣ. ಒಬ್ಬರದ್ದು ಜೇನಿನ ಬಣ್ಣ, ಇನ್ನೊಬ್ಬರದ್ದು ಕಾಫಿಪುಡಿ. ಮೊದಲು ಕೆಲವು ನಿಯಮ ಮಾಡಿಕೊಂಡೆವು. ಹೈಡ್ರೋಸ್ ಬೇಡ. ಸುಣ್ಣ ಎಲ್ಲರಿಗೂ ಒಂದೇ ಅಳತೆ. ಮಡ್ಡಿ ತೆಗೆಯಲು ಬೆಂಡೆ ಗಿಡದ ಲೋಳೆ. ಕಬ್ಬಿನ ಹಾಲು ಸೋಸಲು ಎರಡು ಪದರ ಬಟ್ಟೆ. ಅಚ್ಚಿನ ಮಣೆ ಎಲ್ಲರಿಗೂ ಒಬ್ಬನೇ ಬಡಗಿಯಿಂದ ಮಾಡಿಸಿದ್ದು.

ಆಮೇಲೆ ಮೂರು ದರ್ಜೆ. ದರ್ಜೆ ಗೊತ್ತಾಗಲು ಒಂದು ಅಚ್ಚನ್ನು ಮುರಿಯುವುದು. ಮುರಿದ ಜಾಗದಲ್ಲಿ ಹರಳು ಮಿನುಗಬೇಕು. ಉಗುರು ಒತ್ತಿದರೆ ಗುರುತು ಬೀಳಬಾರದು. ನಾಲಿಗೆಗೆ ಉಪ್ಪು ತಾಗಬಾರದು. ಉಪ್ಪು ಅಂದರೆ ಸೌಳು ಭೂಮಿಯ ಕಬ್ಬು, ಇಲ್ಲಾ ಗೊಬ್ಬರ ಜಾಸ್ತಿ. ಮೊದಲ ದರ್ಜೆ ಬೆಂಗಳೂರಿಗೆ, ಮೂರನೆಯದು ಮಂಡಿಗೆ.

ಎರಡನೇ ಲೋಡಿಗೇ ಗಲಾಟೆ. ಅಧ್ಯಕ್ಷರ ಬಾಮೈದನ ಬೆಲ್ಲ ಮೂರನೇ ದರ್ಜೆಗೆ ಬಿತ್ತು. ವಿಂಗಡಿಸಿದ ಹುಡುಗನಿಗೆ ಫೋನು ಬಂತು, ಮರುದಿನ ಅದೇ ಮೂಟೆ ಎರಡನೇ ದರ್ಜೆಯಲ್ಲಿತ್ತು. ಇಲ್ಲಿ ಬಿಟ್ಟಿದ್ದರೆ ಕಂಪನಿ ಅಲ್ಲಿಗೇ ಮುಗಿಯುತ್ತಿತ್ತು ಅಂತ ಈಗಲೂ ಅನ್ನಿಸುತ್ತದೆ. ಮಹಿಳಾ ಸದಸ್ಯರು ಇಬ್ಬರು ಒಂದು ದಾರಿ ಹೇಳಿದರು: ಮೂಟೆಯ ಮೇಲೆ ಹೆಸರು ಬೇಡ, ನಂಬರು ಮಾತ್ರ. ನಂಬರಿನ ಪುಸ್ತಕ ಬೇರೊಬ್ಬರ ಬಳಿ. ವಿಂಗಡಿಸುವವರು ಪ್ರತಿ ಲೋಡಿಗೂ ಬದಲು. ಹೊಸ ಪದ್ಧತಿಯ ಮೊದಲ ದಿನ ಅಧ್ಯಕ್ಷರ ಸ್ವಂತ ಬೆಲ್ಲವೇ ಮೂರನೇ ದರ್ಜೆಗೆ ಬಿತ್ತು. ಅವರು ಮುಖ ಸಿಂಡರಿಸಿದರು, ಸಹಿ ಹಾಕಿದರು.

ದಲ್ಲಾಳಿ ಎರಡೂವರೆ ರೂಪಾಯಿ ಏರಿಸಿದಾಗ

ತುಂಬಿದ ಲಾರಿಯ ಲೆಕ್ಕ ಹೀಗಿತ್ತು. 43ರಲ್ಲಿ ಲಾರಿ, ವರದಿಗೆ ಒಂದೂವರೆ. ಚೀಲ, ವಿಂಗಡಣೆ, ಶೆಡ್ಡು ಸೇರಿ ಎರಡೂವರೆ. ಕೈಗೆ 39. ಮಂಡಿಯಲ್ಲಿ 36. ಮೂರು ರೂಪಾಯಿ ಲಾಭ.

ಹತ್ತು ಟನ್ ಕೈತಪ್ಪಿದ ಮೇಲೆ ದಲ್ಲಾಳಿ ಸುಮ್ನೆ ಕೂರುತ್ತಾರಾ? ಮುಂಗಡ ಇದ್ದ ಇಬ್ಬರಿಗೆ ಫೋನು ಮಾಡಿ, ಕೈಗೆ 38.50 ಸಿಗುವ ಹಾಗೆ ದರ ಏರಿಸಿದರು. ಆ ಇಬ್ಬರೂ ಮೂರೂವರೆ ಟನ್ ಅತ್ತ ಹಾಕಿದರು. ನಮ್ಮ ಲಾರಿ ಆರೂವರೆ ಟನ್ನಿಗೆ ಹೊರಟಿತು. ಬಾಡಿಗೆ ಅದೇ 12,000. ವರದಿಗೆ ಅದೇ 3,000. ಕಂಪನಿಗೆ ಹಾಕಿದವರಿಗೆ ಸಿಕ್ಕಿದ್ದು 38.20. ಬಿಟ್ಟು ಹೋದವರಿಗೆ 38.50!

ನಿಯತ್ತಾಗಿ ಇದ್ದವರಿಗೆ ಮೂವತ್ತು ಪೈಸೆ ಕಮ್ಮಿ. ಒಬ್ಬರು ಹೋದರೆ ಉಳಿದವರ ಖರ್ಚು ಏರುತ್ತದೆ, ಖರ್ಚು ಏರಿದರೆ ಇನ್ನೊಬ್ಬರು ಹೋಗುತ್ತಾರೆ. ನಾವು ಹೆಮ್ಮೆ ಪಡುತ್ತಿದ್ದ ತುಂಬಿದ ಲಾರಿಯ ಲಾಭ ಎಷ್ಟು ಬೇಗ ಮೇಲೆ ಹೋಗಿತ್ತೋ ಅಷ್ಟೇ ಬೇಗ ಕೆಳಗೆ ಬಂತು. ದಲ್ಲಾಳಿಗೆ ಈ ಗಣಿತ ನಮಗಿಂತ ಮೊದಲೇ ಗೊತ್ತಿತ್ತು.

ಹೋದವರಿಗೆ ದಂಡ ಹಾಕೋಣ ಅಂತ ಸಭೆಯಲ್ಲಿ ಬಿಸಿ ಏರಿತು. ಅದಕ್ಕೆ ಮೊದಲು ದಲ್ಲಾಳಿಯನ್ನು ಒಮ್ಮೆ ನೋಡಿ ಬರೋಣ ಅಂತ ನಾನು, ಅಧ್ಯಕ್ಷರು ಹೋದೆವು. ಅವರು ಕಾಫಿ ತರಿಸಿದರು. "ನನ್ ಮೇಲ್ ಸಿಟ್ಟಾಗ್ಬೇಡಿ ಅಣ್ಣ. ಆವಮ್ಮನ್ ಮಗಳ ಮದ್ವೇಗೆ ರಾತ್ರಿ ಹತ್ ಗಂಟೇಲಿ ದುಡ್ ಕೊಟ್ಟೋನು ನಾನು. ನಿಮ್ ಕಂಪನಿ ಕೊಡ್ತದಾ? ಕರೀ ಬೆಲ್ಲಾನೂ ನಾನೇ ತಗೋತೀನಿ. ದುಡ್ಡು ಅವತ್ತೇ ಕೊಡ್ತೀನಿ."

ಸುಳ್ಳೇನೂ ಇರಲಿಲ್ಲ. ಬೆಂಗಳೂರಿನವರು ಹಣ ಕೊಡುತ್ತಿದ್ದದ್ದು ಮೂವತ್ತು ದಿನಕ್ಕೆ. ದಲ್ಲಾಳಿ ಬರೀ ಮಧ್ಯದಲ್ಲಿ ಕೂತು ಕಮಿಷನ್ ತಿನ್ನುವವರು ಅಂತ ಅಂದುಕೊಂಡಿದ್ದೆವು. ನೋಡಿದರೆ ಅವರೂ ಒಂದು ಕೂಡಿಸುವ ಯಂತ್ರವೇ. ಸಾಲ, ಗೋದಾಮು, ಬೇಡದ ಸರಕಿಗೆ ಗಿರಾಕಿ, ನಷ್ಟ ತಡೆಯುವ ಶಕ್ತಿ, ಎಲ್ಲವನ್ನೂ ನೂರಾರು ರೈತರ ಮೇಲೆ ಹರಡಿದ್ದರು. ನಾವು ತೂಕ ಮಾತ್ರ ಕೂಡಿಸಿದ್ದೆವು.

ದಂಡದ ಮಾತು ಬಿಟ್ಟೆವು. ಷೇರು ಹಣ, ಬ್ಯಾಂಕಿನ ಸ್ವಲ್ಪ ಸಾಲ ಸೇರಿಸಿ ಒಂದು ಆವರ್ತ ನಿಧಿ (ಕೊಟ್ಟದ್ದು ವಾಪಸ್ ಬಂದಂತೆ ಮತ್ತೆ ಕೊಡುವ ಹಣ) ಮಾಡಿ, ಬೆಲ್ಲ ತೂಗಿದ ದಿನವೇ ಮುಕ್ಕಾಲು ಭಾಗ ಹಣ ಕೊಡಲು ಶುರು ಮಾಡಿದೆವು. ಮೂರನೇ ದರ್ಜೆಯನ್ನೂ, ಮುಂಗಡದ ಲೆಕ್ಕಕ್ಕೆ ಬೇಕಾದಷ್ಟನ್ನೂ ಅದೇ ದಲ್ಲಾಳಿಗೆ ರಾಜಾರೋಷವಾಗಿ ಹಾಕಬಹುದು ಅಂತ ಬರೆದುಕೊಂಡೆವು. ಕದ್ದು ಹಾಕುವುದು ನಿಂತಿತು.

ದೊಡ್ಡ ಗಿರಾಕಿ

ಹೊಸ ಪದ್ಧತಿ ಹಿಡಿದ ಮೇಲೆ ಉತ್ಸಾಹದಲ್ಲಿ 25 ಟನ್ನಿನಲ್ಲಿ 20 ಟನ್ ಬೆಂಗಳೂರಿಗೇ ಹೋಗತೊಡಗಿತು. ಒಂದು ದಿನ ಅವರು ಫೋನು ಮಾಡಿ, ಮುಂದಿನ ತಿಂಗಳಿಂದ 40.50 ಅಂದರು. ಕೈಗೆ 36.50. ಮಂಡಿಗಿಂತ ಐವತ್ತೇ ಪೈಸೆ ಹೆಚ್ಚು. ಮಂಡಿಯಲ್ಲಾದರೆ ಬೇರೆ ಅಂಗಡಿಗೆ ಹೋಗಬಹುದಿತ್ತು. ಇಲ್ಲಿ ಬೇರೆ ಅಂಗಡಿಯೇ ಇಲ್ಲ.

ನಮ್ಮ ಕೆಲವರಿಗೆ ಆಗ ಒಂದು ಭ್ರಮೆ ಇತ್ತು. ಬೆಲ್ಲ ತಡೆ ಹಿಡಿದರೆ ದರ ತಾನಾಗಿ ಏರುತ್ತೆ ಅಂತ. ಮಂಡ್ಯದಂಥ ಬೆಲ್ಲದ ಮಾರುಕಟ್ಟೆಗೆ ನಮ್ಮ 25 ಟನ್ ಯಾವ ಲೆಕ್ಕ? ನಾವು ನಿಲ್ಲಿಸಿದರೂ ಗೊತ್ತಾಗಲ್ಲ, ಹಾಕಿದರೂ ಗೊತ್ತಾಗಲ್ಲ. ಕೂಡಿದ್ದರಿಂದ ನಮ್ಮ ಖರ್ಚು ಇಳಿಯಿತು. ಬೆಲೆ ಹೇಳುವ ತಾಕತ್ತು ಬರಲಿಲ್ಲ.

ಒಂದು ತಿಂಗಳು ಬೆಂಗಳೂರಿಗೆ ಲೋಡು ಕಳಿಸಲಿಲ್ಲ. ಆ ತಿಂಗಳು ಮೈಸೂರಿನ ಅಂಗಡಿಗಳು, ಎರಡು ಹಾಸ್ಟೆಲ್ ಅಡುಗೆಮನೆ ಅಂತ ಓಡಾಡಿದೆವು. ಒಂದೊಂದು ಟನ್ ಏಸ್ ಗಾಡಿಯಲ್ಲಿ. ಮತ್ತದೇ ಚಿಕ್ಕ ಗಾಡಿ! ಅಷ್ಟರಲ್ಲಿ ಬೆಂಗಳೂರಿನವರು ಬೇರೆ ಕಡೆಯ ಬೆಲ್ಲ ತರಿಸಿ, ಬಣ್ಣ ಸರಿಹೋಗದೆ, 42.50ಕ್ಕೆ ಒಪ್ಪಿದರು. ಆದರೂ ಅವರಿಗೆ ತಿಂಗಳಿಗೆ ಒಂದೇ ಲೋಡು ಅಂತ ಮಿತಿ ಹಾಕಿಕೊಂಡೆವು. ಮೈಸೂರಿಗೆ ಆರು ಟನ್, ಮಂಡಿಗೆ ಎಂಟು ಒಂಬತ್ತು ಟನ್. ಮೈಸೂರಿನ ಬೆಲ್ಲಕ್ಕೆ ಕೈಗೆ ಬರುವುದು ಬೆಂಗಳೂರಿನದ್ದಕ್ಕಿಂತ ಒಂದೂವರೆ ರೂಪಾಯಿ ಕಮ್ಮಿ. ಪ್ರತಿ ವಾರ್ಷಿಕ ಸಭೆಯಲ್ಲೂ ಯಾರಾದರೂ ಎದ್ದು ಈ ಒಂದೂವರೆ ರೂಪಾಯಿ ಯಾಕೆ ಬಿಡಬೇಕು ಅಂತ ಕೇಳುತ್ತಾರೆ. ವಿಮೆ ಕಂತು ಅಂದುಕೊಳ್ಳಿ ಅಂತ ಹೇಳುತ್ತೇನೆ. ಅರ್ಧ ಜನ ಒಪ್ಪುತ್ತಾರೆ.

ಈಗ

ಕಂಪನಿ ನಡೆಯುತ್ತಿದೆ. ದೊಡ್ಡ ಲಾಭ ಇಲ್ಲ. ಸರಾಸರಿ ತೆಗೆದರೆ ಕಿಲೋಗೆ ಒಂದು ರೂಪಾಯಿಗಿಂತ ಸ್ವಲ್ಪ ಹೆಚ್ಚು ಉಳಿಯುತ್ತದೆ, ಅದರಲ್ಲೂ ಒಂದು ಪಾಲು ಹಳೇ ಸಾಲಕ್ಕೆ. ಪಾಕದ ಹಿರಿಯರು ತಮ್ಮ ಹಳೇ ಆಲೆಮನೆಯಲ್ಲೇ ಇದ್ದಾರೆ, ಎರಡೇ ಕೊಪ್ಪರಿಗೆ. ಉತ್ತರ ಪ್ರದೇಶದ ಒಬ್ಬ ಹುಡುಗನಿಗೆ ಬಟ್ಟಲಿನ ಸದ್ದು ಕಲಿಸುತ್ತಿದ್ದಾರೆ.

ಡಿಪ್ಲೊಮಾ ಹುಡುಗ ಕಳೆದ ಸಭೆಯಲ್ಲಿ ಮತ್ತೆ ದೊಡ್ಡ ಗಾಣದ ಮಾತೆತ್ತಿದ. ಈ ಸಲ ಮೊದಲು ನಾಟಿಯ ಪುಸ್ತಕ ಮಾಡ್ತೀನಿ, ಯಾರ ಗದ್ದೆ ಯಾವಾಗ ಕಟಾವಿಗೆ ಬರುತ್ತೆ ಅಂತ ಎರಡು ವರ್ಷ ಬರೆದಿಟ್ಟು ಆಮೇಲೆ ಕೇಳ್ತೀನಿ ಅಂದ. ಪುಸ್ತಕ ಶುರು ಮಾಡಿದ್ದಾನೆ.

ಹಿಂದಿನ ಗಾಣ ಕೂರಿಸಲು ಕಟ್ಟಿದ್ದ ಕಾಂಕ್ರೀಟ್ ಕಟ್ಟೆ ಶೆಡ್ಡಿನಲ್ಲಿ ಹಾಗೇ ಇದೆ. ನೆಲದಿಂದ ಎರಡಡಿ ಎತ್ತರ, ಮಳೆ ನೀರು ಒಳಗೆ ಬಂದರೂ ತಾಗಲ್ಲ. ಅದರ ಮೇಲೆ ಈಗ ಬೆಲ್ಲದ ಮೂಟೆ ಜೋಡಿಸುತ್ತಾರೆ. ಸಾಲದ ಕಂತು ಇನ್ನೂ ಹದಿನಾಲ್ಕು ಬಾಕಿ ಇವೆ.